ಅತ್ತೆಯ ಹಸಿರು ಬಾಟಲಿ

ನಮ್ಮ ಅತ್ತೆಗೆ ಉಗುರೇ ಇಲ್ಲ ಎಂದು ಮದುವೆಯಾದ ಹೊಸದರಲ್ಲಿ ನಾನು ಅಮ್ಮನಿಗೆ ಫೋನಿನಲ್ಲಿ ಹೇಳಿದ್ದೆ. ಇದ್ದವು, ಆದರೆ ಕತ್ತರಿಸಿ ಕತ್ತರಿಸಿ ಬೆರಳಿನ ಮಾಂಸದೊಳಗೆ ಅಡಗಿ ಕೂತಿದ್ದವು. ಅಂಚಿನಲ್ಲಿ ಎಷ್ಟು ಸೋಪು ಹಾಕಿ ಉಜ್ಜಿದರೂ ಹೋಗದ ಕಪ್ಪು ಎಣ್ಣೆಯ ಗೆರೆ. ಇಂಥ ಹೆಂಗಸಿನ ಕಬ್ಬಿಣದ ಡಬ್ಬಿಯಲ್ಲಿ, ಸ್ಕ್ರೂಡ್ರೈವರು ಇಕ್ಕಳಗಳ ನಡುವೆ, ಮೆತ್ತನೆಯ ಬಟ್ಟೆಯಲ್ಲಿ ಸುತ್ತಿಟ್ಟ ಒಂದು ನೇಲ್ ಪಾಲಿಶ್ ಬಾಟಲಿ ಸಿಕ್ಕರೆ ಸೊಸೆಯಾದವಳು ಏನೆಂದುಕೊಳ್ಳಬೇಕು? ಅದೂ ಗಾಢ ಹಸಿರು ಬಣ್ಣ. ಅಂಥದ್ದನ್ನು ಹಚ್ಚಿಕೊಳ್ಳಲು ಹದಿನೆಂಟರವರಿಗೂ ಧೈರ್ಯ ಬೇಕು, ಅತ್ತೆಗೆ ಐವತ್ತೊಂದು.

ನಾನು ಏನೂ ಅಂದುಕೊಳ್ಳಲಿಲ್ಲ, ತೆಗೆದು ಹಚ್ಚಿಕೊಂಡೆ. ತಂಗಿಯ ಮದುವೆಗೆ ಹೊರಟಿದ್ದೆ, ಹೊಸ ಚಪ್ಪಲಿ ಕೊಂಡಿದ್ದೆ. ಕಾಲಿನ ಹತ್ತೂ ಬೆರಳಿಗೆ ಬಳಿದುಕೊಳ್ಳುವಷ್ಟರಲ್ಲಿ ಬಸ್ಸಿನ ಹೊತ್ತಾಯಿತು. ಗಡಿಬಿಡಿಯಲ್ಲಿ ಮುಚ್ಚಳ ತಿರುಗಿಸಿ, ಎಲ್ಲಿತ್ತೋ ಅಲ್ಲೇ ಸುತ್ತಿಟ್ಟೆ. ಬಾಟಲಿಯ ಕುತ್ತಿಗೆಗೆ ಮೆತ್ತಿಕೊಂಡಿದ್ದ ಬಣ್ಣವನ್ನು ಒರೆಸಲಿಲ್ಲ. ಆ ಒಂದು ಉದಾಸೀನಕ್ಕೆ ಏಳು ತಿಂಗಳಾದ ಮೇಲೆ ಇಡೀ ಫ್ಯಾಕ್ಟರಿಯ ಎದುರು ನಾನು ಕಣ್ಣೀರು ಹಾಕಬೇಕಾಯಿತು. ಆದರೆ ಈ ಕಥೆ ಅತ್ತೆಯದು. ನನ್ನ ಗೋಳು ಆಮೇಲೆ.

ನಮ್ಮದು ಷರ್ಟು ಹೊಲಿಯುವ ಫ್ಯಾಕ್ಟರಿ. ತಗಡಿನ ಸೂರಿನ ಉದ್ದನೆಯ ಶೆಡ್ಡು, ಆರು ಸಾಲು, ಸಾಲಿಗೆ ಇಪ್ಪತ್ತು ಮೆಷಿನ್ನು. ಒಬ್ಬರು ಜೇಬು, ಒಬ್ಬರು ತೋಳು, ಒಬ್ಬರು ಕಾಲರ್. ಇಡೀ ಷರ್ಟನ್ನು ಹೊಲಿಯಲು ಬರುವವರು ಬೆರಳೆಣಿಕೆಯಷ್ಟು ಮಂದಿ. ಅತ್ತೆ ಹತ್ತೊಂಬತ್ತನೆಯ ವಯಸ್ಸಿನಲ್ಲಿ ದಾರದ ತುದಿ ಕತ್ತರಿಸುವ ಕೆಲಸಕ್ಕೆ ಸೇರಿದವರು. ಆಮೇಲೆ ಕಾಲರಿಗೆ ಬಡ್ತಿ ಸಿಕ್ಕಿ ನಾಲ್ಕನೇ ಸಾಲಿನಲ್ಲೇ ಬೇರು ಬಿಟ್ಟರು. ನನ್ನನ್ನು ಮಗನಿಗೆ ತಂದುಕೊಂಡದ್ದೂ ಅದೇ ಸಾಲಿನಿಂದ. ಅವರ ಹಿಂದಿನ ಮೆಷಿನ್ನಿನಲ್ಲಿ ನಾನು ತೋಳಿನ ಕಫ್ ಹೊಲಿಯುತ್ತಿದ್ದೆ. “ಹುಡುಗಿಗೆ ಬಾಯಿ ಜಾಸ್ತಿ, ಆದ್ರೆ ಹೊಲಿಗೆ ನೇರವಾಗಿದೆ” ಎಂದು ಮನೆಯಲ್ಲಿ ವರದಿ ಒಪ್ಪಿಸಿದ್ದರಂತೆ. ಮೊದಲನೆಯ ಮಾತು ಶುದ್ಧ ಸುಳ್ಳು ಎಂದು ನಾನು ಎರಡು ವರ್ಷದಿಂದ ಬಿಡದೆ ವಾದಿಸುತ್ತಿದ್ದೇನೆ.

ಮೆಷಿನ್ನು ಕೆಟ್ಟು ನಿಂತರೆ ನಮಗೆಲ್ಲ ಹಬ್ಬ. ಮೆಕ್ಯಾನಿಕ್ ಬಂದು ರಿಪೇರಿ ಮಾಡುವಷ್ಟು ಹೊತ್ತು ನೀರು ಕುಡಿಯಬಹುದು, ಬೆನ್ನು ನೆಟ್ಟಗೆ ಮಾಡಬಹುದು, ಪಕ್ಕದವಳ ಹತ್ತಿರ ಎರಡು ಮಾತಾಡಬಹುದು. ಅತ್ತೆ ಮಾತ್ರ ಕದಲುತ್ತಿರಲಿಲ್ಲ. ಮೆಕ್ಯಾನಿಕ್ಕಿನ ಪಕ್ಕದಲ್ಲೇ ನಿಂತು, ಅವನು ಕೇಳುವ ಮೊದಲೇ ಸ್ಕ್ರೂಡ್ರೈವರು ಕೊಡುತ್ತಾ, ಕಣ್ಣಲ್ಲಿ ಕಣ್ಣಿಟ್ಟು ನೋಡುತ್ತಿದ್ದರು. ಸೂಜಿ ಪೂರ್ತಿ ಕೆಳಗಿಳಿದು ಇನ್ನೇನು ಮೇಲೇಳಬೇಕು ಅನ್ನುವಾಗ, ಅಡಿಯಿಂದ ಕೊಕ್ಕೆಯ ಮೊನೆ ಬಂದು ದಾರದ ಕುಣಿಕೆಯನ್ನು ಹಿಡಿಯಬೇಕು. ಕೂದಲೆಳೆಯಷ್ಟು ಹಿಂದುಮುಂದಾದರೆ ಹೊಲಿಗೆ ಹಾರುತ್ತದೆ. ಇದನ್ನು ಅತ್ತೆಗೆ ಯಾರೂ ಹೇಳಿಕೊಡಲಿಲ್ಲ, ನೋಡಿ ನೋಡಿಯೇ ಕಲಿತರು. ಮನೆಯಲ್ಲಂತೂ ಮಾವನವರು ಒಂದು ಬಲ್ಬು ಬದಲಿಸಬೇಕಾದರೂ ಹೆಂಡತಿ ಕೆಲಸದಿಂದ ಬರಲಿ ಎಂದು ಕತ್ತಲಲ್ಲಿ ಕಾಯುವ ಆಸಾಮಿ. ಹಾಗಾಗಿ ಅತ್ತೆಗೆ ಅಭ್ಯಾಸಕ್ಕೇನೂ ಕೊರತೆ ಇರಲಿಲ್ಲ.

ಇನ್ನು ಬಣ್ಣದ ವಿಷಯ. ನಮ್ಮ ಶೆಡ್ಡಿನಲ್ಲಿ ಮೆಕ್ಯಾನಿಕ್ ಒಂದು ಮೆಷಿನ್ನನ್ನು ಸರಿಮಾಡಿ ಸ್ಕ್ರೂ ಬಿಗಿದ ಮೇಲೆ, ಸ್ಕ್ರೂವಿನ ತಲೆಯಿಂದ ಮೆಷಿನ್ನಿನ ಮೈಯವರೆಗೆ ನೇಲ್ ಪಾಲಿಶ್‌ನಿಂದ ಒಂದು ಗೆರೆ ಎಳೆಯುತ್ತಾನೆ. ಯಾರಾದರೂ ಸ್ಕ್ರೂ ಮುಟ್ಟಿದರೆ ಗೆರೆ ಮುರಿಯುತ್ತದೆ, ಕಳ್ಳತನ ಗೊತ್ತಾಗುತ್ತದೆ. ಗೆರೆ ಹಾಗೇ ಇದ್ದು ಹೊಲಿಗೆ ಕೆಟ್ಟರೆ, ಯಾರನ್ನು ಬೈಯಬೇಕು ಎಂಬುದು ಬಣ್ಣ ನೋಡಿದರೆ ತಿಳಿಯುತ್ತದೆ. ಗೆರೆ ಇಲ್ಲದ ಮೆಷಿನ್ನಿನ ಮುಂದೆ ಯಾರೂ ಕೂರುವ ಹಾಗಿಲ್ಲ. ಬೇರೆ ಬಣ್ಣ ಎಣ್ಣೆಯಲ್ಲಿ ಕರಗುತ್ತದೆ, ಇದು ಬಂಡೆಯ ಹಾಗೆ ನಿಲ್ಲುತ್ತದೆ ಎಂದು ಇದನ್ನು ಶುರುಮಾಡಿದ್ದು ದೊಡ್ಡ ಮೇಸ್ತ್ರಿ, ಅಂದರೆ ನಮ್ಮ ಹೆಡ್ ಮೆಕ್ಯಾನಿಕ್. ಅವರದು ಕೆಂಪು. ಎರಡನೆಯವನನ್ನು ನಾವೆಲ್ಲ ಪೈಲ್ವಾನ ಅನ್ನುತ್ತೇವೆ, ಅವನದು ನೀಲಿ. ಮೂರನೆಯವನೊಬ್ಬನಿದ್ದ, ಅವನದು ಬಿಳಿ. ಒಬ್ಬರ ಬಣ್ಣ ಇನ್ನೊಬ್ಬರು ಮುಟ್ಟುವುದಿಲ್ಲ. ಅದು ಸಹಿ ಇದ್ದ ಹಾಗೆ. ಮೀಸೆ ಹೊತ್ತ ಗಂಡಸರು ಫ್ಯಾನ್ಸಿ ಅಂಗಡಿಯಲ್ಲಿ ಕಿರುಬೆರಳಿಗೆ ಬಣ್ಣ ಹಚ್ಚಿ, ಬೆಳಕಿಗೆ ಹಿಡಿದು ನೋಡುವುದನ್ನು ಒಮ್ಮೆ ಕಂಡವರು ಜನ್ಮದಲ್ಲಿ ಮರೆಯುವುದಿಲ್ಲ.

ಹೀಗಿರುವಾಗ ಅತ್ತೆ ಕದ್ದು ರಿಪೇರಿ ಮಾಡತೊಡಗಿದರು. ಮೆಕ್ಯಾನಿಕ್‌ಗಳು ಊಟಕ್ಕೆ ಹೋದಾಗ, ಇನ್ನೊಂದು ಸಾಲಿನಲ್ಲಿ ಸಿಕ್ಕಿಕೊಂಡಿದ್ದಾಗ, ಅಕ್ಕಪಕ್ಕದವರು ಮೆಲ್ಲಗೆ ಕರೆಯುತ್ತಿದ್ದರು. ಅತ್ತೆ ಹೋಗಿ ಸರಿಮಾಡಿ ಬರುತ್ತಿದ್ದರು. ಆಮೇಲೆ ದೊಡ್ಡ ಮೇಸ್ತ್ರಿ ಬಂದು, ಮೆಷಿನ್ನು ಓಡಿಸಿ ನೋಡಿ, ಏನೂ ಮಾತಾಡದೆ ತಮ್ಮ ಕೆಂಪು ಗೆರೆ ಎಳೆದು ಹೋಗುತ್ತಿದ್ದರು. ಹನ್ನೊಂದು ವರ್ಷ ಹೀಗೇ ನಡೆಯಿತು. ಒಮ್ಮೆ ಮ್ಯಾನೇಜರು ಎಲ್ಲರನ್ನೂ ಸೇರಿಸಿ, ನಾಲ್ಕನೇ ಸಾಲಿನಲ್ಲಿ ಆರು ತಿಂಗಳಿಂದ ಕೆಲಸ ನಿಂತಿಲ್ಲ, ಎಲ್ಲಿ ನೋಡಿದರೂ ಕೆಂಪು ಗೆರೆ, ಇದು ದೊಡ್ಡ ಮೇಸ್ತ್ರಿಯ ಕೈಚಳಕ ಎಂದು ಹೊಗಳಿ ಚಪ್ಪಾಳೆ ಹೊಡೆಸಿದರು. ದೊಡ್ಡ ಮೇಸ್ತ್ರಿ ತಲೆ ತಗ್ಗಿಸಿ ಚಪ್ಪಾಳೆ ಸ್ವೀಕರಿಸಿದರು. ಅತ್ತೆಯೂ ಚಪ್ಪಾಳೆ ಹೊಡೆದರು. ಮನೆಗೆ ಬಂದು ಅವರು ಪಾತ್ರೆ ತೊಳೆದ ಸದ್ದಿಗೆ ಮಾವನವರು ಟೀವಿ ಆರಿಸಿ ಹೊರಗೆ ಹೋಗಿ ಕೂತರಂತೆ. ಮಾರನೆಯ ದಿನವೇ ಅತ್ತೆ ಹೋಗಿ ಯಾರದೂ ಅಲ್ಲದ ಬಣ್ಣ ಹುಡುಕಿ, ಆ ಹಸಿರು ಬಾಟಲಿ ಕೊಂಡು ತಂದರು. ಹಚ್ಚುವ ಹಕ್ಕಿಲ್ಲದೆ ಮೂರು ವರ್ಷ ಅದು ಡಬ್ಬಿಯಲ್ಲೇ ಇತ್ತು. ಇಷ್ಟೆಲ್ಲ ನನಗೆ ಗೊತ್ತಾಗಿದ್ದು ತೀರಾ ತಡವಾಗಿ, ನನ್ನ ಕಾಲ್ಬೆರಳಿನ ಬಣ್ಣ ಪೂರ್ತಿ ಕಿತ್ತುಹೋದ ಮೇಲೆ.

ಈ ವರ್ಷ ಮೂರನೆಯ ಮೆಕ್ಯಾನಿಕ್ ಕೆಲಸ ಬಿಟ್ಟು ಹೋದ. ಒಂದು ಜಾಗ ಖಾಲಿ ಇದೆ, ಶೆಡ್ಡಿನ ಒಳಗಿನವರೂ ಅರ್ಜಿ ಹಾಕಬಹುದು ಎಂದು ಬೋರ್ಡಿನಲ್ಲಿ ಚೀಟಿ ಅಂಟಿಸಿದರು. ಮೆಕ್ಯಾನಿಕ್ ಜಾಗ ನಮ್ಮಲ್ಲಿ ಹತ್ತು ವರ್ಷಕ್ಕೊಮ್ಮೆ ಖಾಲಿಯಾದರೆ ಹೆಚ್ಚು. ಇದು ತಪ್ಪಿದರೆ ಮುಂದಿನದಕ್ಕೆ ಅತ್ತೆ ನಿವೃತ್ತಿಯಾಗಿ ಮನೆಯಲ್ಲಿರುತ್ತಾರೆ. ಅವರು ಅರ್ಜಿ ಹಾಕಿದ ಸುದ್ದಿ ಊಟದ ಬೆಲ್ಲಿಗೆ ಮೊದಲೇ ಆರೂ ಸಾಲಿಗೆ ಹಬ್ಬಿತು. “ಅಮ್ಮಾ, ಮೆಷಿನ್ ತಲೆ ಎತ್ತಿ ಮಗುಚ್ಬೇಕಾಗುತ್ತೆ, ಸೊಂಟ ಹಿಡ್ಕೊಂಡ್ರೆ ನಮ್ಮನ್ನ ಕೇಳ್ಬೇಡಿ” ಎಂದ ಪೈಲ್ವಾನ.

“ನಿನ್ನಂಥ ಮಗನ್ನ ಎತ್ತಿ ಸಾಕಿದೀನಪ್ಪ. ಅದಕ್ಕಿಂತ ಭಾರ ಏನಿರುತ್ತೆ?” ಎಂದರು ಅತ್ತೆ. ಆ ಮಗನನ್ನು ಕಟ್ಟಿಕೊಂಡವಳು ನಾನಾದ್ದರಿಂದ ಈ ಮಾತಿಗೆ ಅಲ್ಲಿ ಸಾಕ್ಷಿ ಹೇಳಬಹುದಾಗಿದ್ದವಳು ನಾನೊಬ್ಬಳೇ.

ಪರೀಕ್ಷೆಯ ನಿಯಮ ಸರಳವಾಗಿತ್ತು. ಕೆಡಿಸಿಟ್ಟ ಮೂರು ಮೆಷಿನ್ನು: ಒಂದು ಸಾದಾ ಹೊಲಿಗೆಯದು, ಒಂದು ಅಂಚು ಕಟ್ಟುವುದು, ಒಂದು ಗುಂಡಿಯ ಕಾಜಾ ಹೊಲಿಯುವುದು. ಮಧ್ಯಾಹ್ನದ ಊಟ ಮುಗಿದಾಗಿನಿಂದ ನಾಲ್ಕು ಗಂಟೆಯ ಬೆಲ್ಲಿನ ಒಳಗೆ ಮೂರನ್ನೂ ಸರಿಮಾಡಿ ಬಣ್ಣದ ಗೆರೆ ಎಳೆದಿರಬೇಕು. ಗೆರೆ ಇಲ್ಲದ ಮೆಷಿನ್ನು ಸರಿಯಾಗಿದ್ದರೂ ಲೆಕ್ಕಕ್ಕಿಲ್ಲ. ಹೊರಗಿನಿಂದ ಬಂದಿದ್ದ ಇಬ್ಬರು ಹಿಂದಿನ ಎರಡು ದಿನ ಪರೀಕ್ಷೆ ಕೊಟ್ಟು ಹೋಗಿದ್ದರು. ಇಬ್ಬರೂ ಎರಡೆರಡು ಮೆಷಿನ್ನು ಮುಗಿಸಿ, ಕಾಜಾ ಮೆಷಿನ್ನಿನ ಹತ್ತಿರ ಕೈಚೆಲ್ಲಿದ್ದರು. ಅತ್ತೆ ಮೂರನ್ನೂ ಮುಗಿಸಿದರೆ ಜಾಗ ಅವರದು. ಇಲ್ಲವಾದರೆ ಆ ಇಬ್ಬರಲ್ಲಿ ಒಬ್ಬನದು.

ಆ ದಿನ ನಮ್ಮ ಸಾಲಿನಲ್ಲಿ ಹೊಲಿದ ಕಫ್‌ಗಳನ್ನು ಯಾರಾದರೂ ತೊಟ್ಟಿದ್ದರೆ ಈಗಲೇ ಕ್ಷಮೆ ಕೇಳುತ್ತೇನೆ. ಕಣ್ಣು ಬಟ್ಟೆಯ ಮೇಲೆ ಇರಲಿಲ್ಲ. ಶೆಡ್ಡಿನ ತಲೆಬಾಗಿಲ ಹತ್ತಿರ ಮೂರು ಮೆಷಿನ್ನುಗಳ ನಡುವೆ ಅತ್ತೆ ಏಪ್ರನ್ ಬಿಗಿದು ನಿಂತಿದ್ದರು. ಮೊದಲನೆಯದು ಇಪ್ಪತ್ತು ನಿಮಿಷ. ಅಂಚಿನದು ಮುಕ್ಕಾಲು ಗಂಟೆ ತಿಂದಿತು. ಕಾಜಾ ಮೆಷಿನ್ನಿನ ಮುಂದೆ ಅವರು ಹತ್ತು ನಿಮಿಷ ಏನನ್ನೂ ಮುಟ್ಟದೆ, ಚಕ್ರವನ್ನು ಕೈಯಲ್ಲೇ ಮೆಲ್ಲಗೆ ತಿರುಗಿಸುತ್ತಾ ಕಿವಿಗೊಟ್ಟು ಕೇಳಿದರು. ಆಮೇಲೆ ಒಂದೇ ಸ್ಕ್ರೂ ಸಡಿಲಿಸಿ, ಒಂದೇ ಒಂದು ಕಬ್ಬಿಣದ ತುಂಡನ್ನು ಒಂದಿಷ್ಟು ಹಿಂದಕ್ಕೆ ಸರಿಸಿ, ಬಿಗಿದರು. ಚೂರು ಬಟ್ಟೆ ಇಟ್ಟು ಓಡಿಸಿದರೆ ಕಾಜಾ ಅಚ್ಚುಕಟ್ಟಾಗಿ ಬಿತ್ತು. ಗಡಿಯಾರದಲ್ಲಿ ಮೂರು ಮೂವತ್ತೆಂಟು. ನಾನು ಉಸಿರು ಬಿಟ್ಟೆ. ಅತ್ತೆ ಡಬ್ಬಿ ತೆರೆದು, ಮೆತ್ತನೆಯ ಬಟ್ಟೆ ಬಿಚ್ಚಿ, ಹಸಿರು ಬಾಟಲಿ ಹೊರತೆಗೆದರು.

ಮುಚ್ಚಳ ಜಪ್ಪಯ್ಯ ಅಂದರೂ ಅಲ್ಲಾಡಲಿಲ್ಲ.

ಒಮ್ಮೆ ತಿರುಗಿಸಿದರು. ಏಪ್ರನ್ನಿನ ತುದಿ ಸುತ್ತಿ ತಿರುಗಿಸಿದರು. ಹಲ್ಲು ಕಚ್ಚಿ ತಿರುಗಿಸಿದರು. ಆಮೇಲೆ, ಮೂವತ್ತು ವರ್ಷ ಹೊಲಿಗೆ ಮೆಷಿನ್ನುಗಳ ನಡುವೆ ಬದುಕಿದವರು ಮಾತ್ರ ಮಾಡುವ ತಪ್ಪನ್ನು ಮಾಡಿದರು. ನಮ್ಮಲ್ಲಿ ಏನು ಸಿಕ್ಕಿಕೊಂಡರೂ ಒಂದೇ ಮದ್ದು, ಎಣ್ಣೆ. ಚಕ್ರ ಬಿಗಿಯಾದರೆ ಎಣ್ಣೆ, ಬಾಗಿಲು ಕಿರುಗುಟ್ಟಿದರೆ ಎಣ್ಣೆ. ಅತ್ತೆಯ ಕೈ ತಾನಾಗಿಯೇ ಎಣ್ಣೆಯ ಕುಪ್ಪಿಗೆ ಹೋಯಿತು, ಮುಚ್ಚಳದ ಸುತ್ತ ಮೂರು ಹನಿ ಬಿತ್ತು. ಒಣಗಿದ ನೇಲ್ ಪಾಲಿಶ್ ಎಣ್ಣೆಗೆ ಕ್ಯಾರೇ ಅನ್ನುವುದಿಲ್ಲ. ಅದೇ ಕಾರಣಕ್ಕೆ ತಾನೇ ನಾವು ಅದನ್ನು ಗೆರೆ ಎಳೆಯಲು ಬಳಸುವುದು! ಮುಚ್ಚಳ ಸಡಿಲವಾಗಲಿಲ್ಲ, ಬಾಟಲಿ ಮಾತ್ರ ಕೈಯಿಂದ ಜಾರತೊಡಗಿತು.

ಯಾರೋ ಕಿಸಕ್ಕೆಂದರು. ಮೆಷಿನ್ನುಗಳು ಒಂದೊಂದಾಗಿ ನಿಂತವು. ಪೈಲ್ವಾನ ತೋಳು ಮಡಚಿಕೊಂಡು ಬಂದ. “ಕೊಡಿ ಇಲ್ಲಿ, ಇದಕ್ಕೆಲ್ಲ ಗಂಡಸು ಬೇಕು” ಎಂದು ಇಕ್ಕಳ ಹಾಕಿ ತಿರುಚಿದ. ಟಕ್ ಎಂದು ಮುಚ್ಚಳ ಕೈಗೆ ಬಂತು. ಎಲ್ಲರೂ ಹೋ ಎಂದರು. ನೋಡಿದರೆ ಬಂದಿದ್ದು ಮೇಲಿನ ಶೋಕಿಯ ಟೊಪ್ಪಿ ಅಷ್ಟೇ. ಅದರೊಳಗಿನ ನಿಜವಾದ ಮುಚ್ಚಳ, ಮೈತುಂಬ ಸಣ್ಣ ಗೀರುಗಳಿರುವ ಗಿಡ್ಡ ಬಿಳಿ ಮುಚ್ಚಳ, ಬಾಟಲಿಯ ಕತ್ತನ್ನು ಕಚ್ಚಿಕೊಂಡೇ ಕೂತಿತ್ತು. ಪೈಲ್ವಾನನ ಮುಖ ಸಪ್ಪಗಾಯಿತು. ಇಕ್ಕಳವನ್ನು ಮತ್ತೆ ಹಾಕಲು ಹೋದ. ಅತ್ತೆ ಬಾಟಲಿ ಕಿತ್ತುಕೊಂಡರು. “ಕತ್ತು ಮುರಿದ್ರೆ ಗಾಜಿನ ಚೂರನ್ನ ಹಚ್ಲಾ ಮೆಷಿನ್ನಿಗೆ?”

ಆಗ ದೊಡ್ಡ ಮೇಸ್ತ್ರಿ ಮುಂದೆ ಬಂದರು. ಅವರು ಕೆಟ್ಟವರಲ್ಲ, ಕೊಂಕು ಮಾತಿನವರೂ ಅಲ್ಲ. ಜೇಬಿನಿಂದ ತಮ್ಮ ಬಾಟಲಿ ತೆಗೆದು ಮೇಜಿನ ಮೇಲಿಟ್ಟರು. “ಇನ್ನು ಹದಿನಾರು ನಿಮಿಷ ಇದೆ. ಸುಮ್ನೆ ಯಾಕೆ? ಇವತ್ತಿಗೆ ನನ್ನ ಕೆಂಪೇ ಹಚ್ಬಿಡಿ. ನಾನೇನೂ ಅನ್ಕೊಳಲ್ಲ.”

ನಾನು ಎದ್ದು ಓಡಿಬಂದಿದ್ದೆ. ತಗೊಳ್ಳಿ ಅತ್ತೆ, ತಗೊಂಡು ಹಚ್ಚಿ ಮುಗಿಸಿ, ಜಾಗ ಸಿಕ್ಕಿದ ಮೇಲೆ ಹಸಿರೋ ಹಳದಿಯೋ ಮಾಡಿಕೊಳ್ಳಿ ಎಂದು ಅವರ ಎಣ್ಣೆಗೈ ಹಿಡಿದು ಕಿವಿಯಲ್ಲಿ ಹೇಳಿದೆ. ಅತ್ತೆ ಆ ಕೆಂಪು ಬಾಟಲಿಯನ್ನು ನೋಡಿದರು.

“ಬೇಡ ಮೇಸ್ತ್ರಿ” ಎಂದರು. “ಹನ್ನೊಂದು ವರ್ಷ ಅದೇ ಬಣ್ಣ ಹಚ್ಕೊಂಡಿದೆ ನನ್ನ ಕೆಲಸ. ಇವತ್ತು ಆಗಲ್ಲ.”

ದೊಡ್ಡ ಮೇಸ್ತ್ರಿ ಬಾಟಲಿಯನ್ನು ಮೆಲ್ಲಗೆ ಜೇಬಿಗೆ ಹಾಕಿಕೊಂಡರು. ಆ ಘಳಿಗೆಯಲ್ಲಿ ನನಗೆ ಎಲ್ಲ ಅರ್ಥವಾಯಿತು; ಬಾಟಲಿ ಯಾಕೆ ಕೊಂಡರು, ಯಾಕೆ ಮೆತ್ತನೆಯ ಬಟ್ಟೆಯಲ್ಲಿ ಸುತ್ತಿಟ್ಟರು, ಅದರ ಬಾಯಿ ಯಾಕೆ ಹೀಗೆ ಕಚ್ಚಿಕೊಂಡಿದೆ. ಭೂಮಿ ಬಾಯಿಬಿಟ್ಟರೆ ಇಳಿದುಬಿಡೋಣ ಅನ್ನಿಸಿತು. ಅಳು ತಡೆಯಲಾಗಲಿಲ್ಲ. “ಅತ್ತೆ, ನಾನೇ ತೆಗ್ದಿದ್ದು. ತಂಗಿ ಮದ್ವೆಗೆ. ಕತ್ತು ಒರೆಸ್ಲಿಲ್ಲ...”

“ಗೊತ್ತು ಬಿಡೇ. ಹಸಿರು ಕಾಲ್ಬೆರಳು ಇಟ್ಕೊಂಡು ಮೂರು ವಾರ ಮನೆ ತುಂಬಾ ಓಡಾಡಿದೋಳು ನೀನೊಬ್ಳೇ ಅಲ್ವಾ? ನಾನೇನು ಕುರುಡಿಯಾ?” ಅತ್ತೆ ಬಾಟಲಿಯ ಎಣ್ಣೆಯನ್ನು ಒರೆಸುತ್ತಲೇ ಇದ್ದರು. “ಆಗ್ಲೇ ತೆಗ್ದು ನೋಡ್ಬೇಕಿತ್ತು, ನನ್ನದೂ ತಪ್ಪೇ. ಈಗ ಗೋಳೋ ಅಂತ ನಿಂತ್ಕೋಬೇಡ. ಕಲೆಯಕ್ಕನ ಹತ್ರ ಓಡು, ಕಲೆ ತೆಗೆಯೋ ನೀರು ಇಸ್ಕೊಂಡು ಬಾ.”

ಕಲೆಯಕ್ಕ ಶೆಡ್ಡಿನ ಹಿಂದಿನ ಗಾಜಿನ ಕೋಣೆಯಲ್ಲಿ ಕೂತು, ಷರ್ಟಿಗೆ ಬಿದ್ದ ಎಣ್ಣೆ, ಶಾಯಿ, ಬಣ್ಣದ ಕಲೆಗಳನ್ನು ತೆಗೆಯುವವರು. ಮೂಗಿಗೆ ಅಡರುವ ವಾಸನೆಯ ಆ ನೀರು ಅವರ ಬೀಗ ಹಾಕಿದ ಕಪಾಟಿನಲ್ಲಿರುತ್ತದೆ. ಅವರ ಕೋಣೆಗೊಂದು ಕಾನೂನು: ಕಲೆ ತೋರಿಸಿದರೆ ನೀರು, ಕಲೆ ಇಲ್ಲದಿದ್ದರೆ ದಾರಿ. ನಾನು ಏದುಸಿರು ಬಿಡುತ್ತಾ ಬಾಟಲಿ, ಮುಚ್ಚಳ, ಅತ್ತೆ, ಪರೀಕ್ಷೆ ಎಂದೆಲ್ಲ ಒದರಿದೆ.

“ಬಟ್ಟೆ ಎಲ್ಲಿ?” ಎಂದರು ಕಲೆಯಕ್ಕ.

“ಬಟ್ಟೆ ಅಲ್ಲಕ್ಕಾ, ಬಾಟ್ಲಿ!”

“ಬಾಟ್ಲಿಗೆ ಕೊಡೋ ಹಾಗಿಲ್ಲ. ಕಲೆ ತೋರ್ಸು.”

ಹತ್ತು ನಿಮಿಷವೂ ಉಳಿದಿಲ್ಲ, ಈಯಮ್ಮ ಕಾನೂನು ಮಾತಾಡುತ್ತಿದ್ದಾರೆ! ನನ್ನ ಸಿಟ್ಟು ನೆತ್ತಿಗೇರಿತು. ಅತ್ತೆಯ ಕೈ ಹಿಡಿದಿದ್ದಕ್ಕೆ ನನ್ನ ಕೈಯೆಲ್ಲ ಎಣ್ಣೆಯಾಗಿತ್ತು. ಒಗೆದು ಇಸ್ತ್ರಿ ಮಾಡಿದ ಬಿಳಿ ಏಪ್ರನ್ನಿನ ಎದೆಗೆ ಐದೂ ಬೆರಳನ್ನು ಒತ್ತಿ ಎಳೆದೆ. “ತಗೊಳ್ಳಿ ಕಲೆ! ಸಾಕಾ, ಇನ್ನೊಂದು ಬೇಕಾ?”

ಕಲೆಯಕ್ಕ ಆ ಕಲೆಯನ್ನು ತಲೆ ಓರೆ ಮಾಡಿ ಪರೀಕ್ಷಿಸಿದರು. ಅವರ ತುಟಿಯ ಮೂಲೆ ಸ್ವಲ್ಪ ಅಲುಗಿದ್ದನ್ನು ನಾನು ನೋಡಿದೆ. ಬೀಗ ತೆಗೆದರು, ಸಣ್ಣ ಪಿಚಕಾರಿ ಡಬ್ಬಿ ಕೈಗೆತ್ತಿಕೊಂಡರು. “ನಿನ್ನ ಕೈಗೆ ಕೊಡಲ್ಲ, ನಾನೇ ಬರ್ತೀನಿ” ಎಂದು ಚಪ್ಪಲಿ ಮೆಟ್ಟಿದರು. ಕೋಣೆ ಬಿಟ್ಟು ಕದಲದ ಹೆಂಗಸು ಶೆಡ್ಡಿನ ನಡುವೆ ದಾಪುಗಾಲು ಹಾಕಿಕೊಂಡು ಬರುವುದನ್ನು ನೋಡಿ ಜನ ತಾವಾಗಿಯೇ ದಾರಿ ಬಿಟ್ಟರು.

ಅಷ್ಟರಲ್ಲಿ ಅತ್ತೆ ಬೇರೆಯೇ ಕೆಲಸ ಮುಗಿಸಿದ್ದರು. ದಪ್ಪ ಹತ್ತಿಯ ದಾರವನ್ನು ತೆಗೆದುಕೊಂಡು, ಬಾಟಲಿಯ ಕತ್ತಿಗೆ, ಮುಚ್ಚಳ ಗಾಜನ್ನು ಸೇರುವ ಸಂದಿಯಲ್ಲೇ, ಎಂಟು ಸುತ್ತು ಬಿಗಿಯಾಗಿ ಸುತ್ತಿದ್ದರು. “ಇದಕ್ಕೆ ಹಾಕು, ಹನಿ ಹನಿಯಾಗಿ” ಎಂದರು. ಕಲೆಯಕ್ಕ ಹನಿ ಬಿಟ್ಟರು. ಸುಮ್ಮನೆ ಸುರಿದಿದ್ದರೆ ಆ ನೀರು ಜಾರಿ, ಅರೆಕ್ಷಣದಲ್ಲಿ ಆವಿಯಾಗಿ ಹೋಗುತ್ತಿತ್ತು. ದಾರ ಅದನ್ನು ಹೀರಿಕೊಂಡು ಸಂದಿಯಲ್ಲೇ ಹಿಡಿದಿಟ್ಟಿತು. ಒಣಗಿದ ಹಾಗೆಲ್ಲ ಕಲೆಯಕ್ಕ ಮತ್ತೆ ಹನಿಸಿದರು. ಬಿಳಿ ದಾರ ಮೊದಲು ತಿಳಿ ಹಸಿರಾಯಿತು, ಆಮೇಲೆ ಗಾಢ ಹಸಿರಾಯಿತು. ಒಳಗಿನ ಬಣ್ಣ ಕರಗಿ ಹೊರಗೆ ಬರುತ್ತಿತ್ತು.

“ಆಯ್ತಲ್ಲ, ತಿರುಗಿಸಿ!” ಎಂದ ಪೈಲ್ವಾನ.

“ಇನ್ನೂ ಇಲ್ಲ.”

“ಅತ್ತೆ, ಆರೇ ನಿಮಿಷ!” ಎಂದೆ ನಾನು.

“ಬಾಯಿ ಮುಚ್ಚು. ಕರಗೋಕೆ ಎಷ್ಟು ಹೊತ್ತು ಬೇಕೋ ಅಷ್ಟು ಬೇಕು.”

ಮ್ಯಾನೇಜರು ಕೈಗಡಿಯಾರ ನೋಡುತ್ತಾ ಬಂದು ನಿಂತಿದ್ದರು. ಯಾರೂ ಅವರ ಕಡೆ ನೋಡಲಿಲ್ಲ. ಇಡೀ ಶೆಡ್ಡಿನ ಕಣ್ಣು ಹೆಬ್ಬೆರಳು ಗಾತ್ರದ ಒಂದು ಬಾಟಲಿಯ ಮೇಲಿತ್ತು. ಅತ್ತೆ ಮಾತ್ರ ಕಣ್ಣು ಅರೆಮುಚ್ಚಿ, ತಮ್ಮ ಸಣ್ಣ ಉಗುರಿನಿಂದ ಸಂದಿಯನ್ನು ಮುಟ್ಟಿ ಮುಟ್ಟಿ ನೋಡುತ್ತಿದ್ದರು.

ಕೊನೆಗೆ ದಾರ ಬಿಚ್ಚಿದರು. ಕತ್ತನ್ನು ಒರೆಸಿದರು. ದಾರದುಂಡೆ ಸುತ್ತುವ ಚಕ್ರದ ರಬ್ಬರ್ ಬಳೆಯೊಂದನ್ನು ಬಿಳಿ ಮುಚ್ಚಳಕ್ಕೆ ತೊಡಿಸಿದರು. ಮುಚ್ಚಳದ ಗೀರುಗಳಿಗೆ ಅದು ಗಟ್ಟಿಯಾಗಿ ಕಚ್ಚಿತು. ಶೋಕಿಯ ಟೊಪ್ಪಿ ಇದ್ದಿದ್ದರೆ ಆ ಹಿಡಿತ ಸಿಗುತ್ತಿರಲಿಲ್ಲ, ಆ ಮಟ್ಟಿಗೆ ಪೈಲ್ವಾನನಿಗೂ ಪುಣ್ಯ ಸಲ್ಲಬೇಕು. ಆಮೇಲೆ ಅತ್ತೆ ಮುಚ್ಚಳವನ್ನು ಬಿಚ್ಚುವ ಬದಲು ಬಿಗಿಯುವ ಕಡೆಗೆ ತಿರುಗಿಸಿದರು.

“ಅಯ್ಯೋ, ಉಲ್ಟಾ!” ಎಂದು ಹತ್ತು ಜನ ಕೂಗಿದರು.

“ಉಲ್ಟಾ ಅಲ್ಲ” ಎಂದರು ದೊಡ್ಡ ಮೇಸ್ತ್ರಿ, ತಮಗೆ ತಾವೇ ಹೇಳಿಕೊಳ್ಳುವ ಹಾಗೆ. “ಹಿಡಿದ ಸ್ಕ್ರೂನ ಮೊದಲು ಒಂದು ಕೂದಲಷ್ಟು ಬಿಗೀಬೇಕು. ಆಮೇಲೆ ಬಿಚ್ಬೇಕು.”

ಕಿರ್ರ್ ಎಂಬ ಸಣ್ಣ ಸದ್ದು. ನಿಂತ ಮೆಷಿನ್ನುಗಳ ನಡುವೆ ಅದು ಎಲ್ಲರಿಗೂ ಕೇಳಿಸಿತು. ಅತ್ತೆ ಮಣಿಕಟ್ಟನ್ನು ಇತ್ತ ತಿರುಗಿಸಿದರು. ಮುಚ್ಚಳ ಬೆಣ್ಣೆಯಲ್ಲಿ ತಿರುಗಿದ ಹಾಗೆ ತಿರುಗಿ, ಕುಂಚದ ಸಮೇತ ಮೇಲೆ ಬಂತು. ಕುಂಚದ ತುದಿಯಲ್ಲಿ ಒಂದು ದಪ್ಪ ಹಸಿರು ಹನಿ.

ನಾನು ಕಿರುಚಿದೆ. ಒಪ್ಪಿಕೊಳ್ಳುತ್ತೇನೆ, ಕಿವಿ ಮುಚ್ಚಿಕೊಳ್ಳುವ ಹಾಗೆ ಕಿರುಚಿದೆ. ಶೆಡ್ಡು ತುಂಬ ಶಿಳ್ಳೆ, ಚಪ್ಪಾಳೆ, ಕತ್ತರಿಯಿಂದ ಮೇಜು ಬಡಿಯುವ ಸದ್ದು. ಪೈಲ್ವಾನ ತನ್ನದೇ ತೊಡೆ ತಟ್ಟಿಕೊಂಡ. ಅತ್ತೆಗೆ ಇದ್ಯಾವುದೂ ಬೇಕಿರಲಿಲ್ಲ. “ಒರೆಸೋ ಬಟ್ಟೆ” ಎಂದು ಕೈ ಚಾಚಿದರು. ಕಲೆಯಕ್ಕ ಅದಕ್ಕೂ ಎರಡು ಹನಿ ಹಾಕಿ ಕೊಟ್ಟರು. ಎಣ್ಣೆ ಇದ್ದ ಕಡೆ ಬಣ್ಣ ಕೂರುವುದಿಲ್ಲವಲ್ಲ, ಅದಕ್ಕೇ ಮೂರೂ ಸ್ಕ್ರೂಗಳನ್ನು ಒರೆಸಿ, ಆರಿಸಿ, ಮೊದಲನೆಯದಕ್ಕೆ ಗೆರೆ ಎಳೆದರು. ನೇರ ಗೆರೆ. ಎರಡನೆಯದಕ್ಕೆ ಎಳೆದರು. ಕಾಜಾ ಮೆಷಿನ್ನಿನ ಮೇಲೆ ಬಗ್ಗಿದಾಗ ನಾಲ್ಕರ ಬೆಲ್ಲು ಶುರುವಾಯಿತು. ನಮ್ಮ ಬೆಲ್ಲು ಮುದುಕನ ಕೆಮ್ಮಿನ ಹಾಗೆ, ಒಮ್ಮೆ ಹಿಡಿದರೆ ಬೇಗ ಬಿಡುವುದಿಲ್ಲ. ಅದು ನಿಲ್ಲುವ ಮೊದಲೇ ಮೂರನೆಯ ಗೆರೆ ಮುಗಿದಿತ್ತು.

ಮ್ಯಾನೇಜರು ಮೂರು ಮೆಷಿನ್ನಿಗೂ ಒಬ್ಬೊಬ್ಬರನ್ನು ಕೂರಿಸಿ ಹೊಲಿಸಿದರು. ದೊಡ್ಡ ಮೇಸ್ತ್ರಿ ಪ್ರತಿಯೊಂದು ತುಂಡನ್ನೂ ಕನ್ನಡಕ ಹಣೆಗೇರಿಸಿ, ಎಳೆದು, ಮಗುಚಿ, ಬೆಳಕಿಗೆ ಹಿಡಿದು ನೋಡಿದರು. ಎಳ್ಳಷ್ಟು ತಪ್ಪು ಸಿಕ್ಕಿದ್ದರೂ ಅವರು ಬಿಡುವವರಲ್ಲ, ಕೆಲಸದ ವಿಷಯದಲ್ಲಿ ಅಪ್ಪನನ್ನೂ ಬಿಟ್ಟವರಲ್ಲ. ತುಂಡುಗಳನ್ನು ಮ್ಯಾನೇಜರ ಕೈಗೆ ಕೊಟ್ಟು, “ಚೆನ್ನಾಗಿದೆ” ಎಂದರು.

“ಎಲ್ಲಿ ಕಲಿತ್ರಿ ಇದನ್ನೆಲ್ಲ?” ಎಂದು ಮ್ಯಾನೇಜರು ಅತ್ತೆಯನ್ನು ಕೇಳಿದರು.

ಅತ್ತೆ ಕುಂಚವನ್ನು ಬಾಟಲಿಗೆ ಇಳಿಸಿ, ಕತ್ತನ್ನು ಒರೆಸಿ, ನನ್ನ ಕಡೆ ಒಮ್ಮೆ ದುರುಗುಟ್ಟಿ ನೋಡಿ, ಇನ್ನೊಮ್ಮೆ ಒರೆಸಿ ಮುಚ್ಚಿದರು. ಹನ್ನೊಂದು ವರ್ಷದ ಮಾತು ಅವರ ಬಾಯಿಯ ತುದಿಯಲ್ಲೇ ಇತ್ತು, ಹೇಳಿದ್ದರೆ ಯಾರೂ ತಪ್ಪೆನ್ನುತ್ತಿರಲಿಲ್ಲ. ಹೇಳಿದ್ದು ದೊಡ್ಡ ಮೇಸ್ತ್ರಿ.

“ನಾಲ್ಕನೇ ಸಾಲಲ್ಲಿ ಕಲ್ತಿದ್ದು ಸಾರ್, ನನ್ನ ಕೆಂಪು ಗೆರೆ ಕೆಳಗೆ. ಆ ಸಾಲಿನ ಅರ್ಧ ಕೆಲಸ ಇವರದು. ಅವತ್ತು ಚಪ್ಪಾಳೆ ಹೊಡೆಸಿದ್ರಲ್ಲ, ಅದೂ ಇವರಿಗೇ ಸೇರ್ಬೇಕಾಗಿತ್ತು.” ಅವರ ಕಿವಿ ಕೆಂಪಗಾಗಿತ್ತು. ನನಗೆ ಆ ಮನುಷ್ಯನ ಮೇಲಿದ್ದ ಸಿಟ್ಟು ಪೂರ್ತಿ ಹೋಯಿತು ಎಂದರೆ ಸುಳ್ಳಾಗುತ್ತದೆ, ಆದರೆ ಅರ್ಧಕ್ಕಿಂತ ಹೆಚ್ಚು ಹೋಯಿತು. ಅತ್ತೆ ಅವರನ್ನು ನೋಡಿ ಒಮ್ಮೆ ತಲೆಯಾಡಿಸಿದರು. ಸೋಮವಾರದಿಂದ ಮೆಕ್ಯಾನಿಕ್ ಎಂದು ಮ್ಯಾನೇಜರು ಅಲ್ಲೇ ಹೇಳಿ ಹೋದರು.

ಸೋಮವಾರ ಬರಲು ಮೂರು ದಿನವಿತ್ತು, ಅವತ್ತಿನ ಕಾಲರುಗಳೂ ಬಾಕಿಯಿದ್ದವು. ಆದ್ದರಿಂದ ಅತ್ತೆ ಏನೂ ಆಗದವರ ಹಾಗೆ ಬಂದು ನನ್ನ ಮುಂದಿನ ತಮ್ಮ ಸ್ಟೂಲಿನಲ್ಲಿ ಕೂತು, ಒಂದು ಕಾಲರನ್ನು ಸೂಜಿಯ ಕೆಳಗಿಟ್ಟು ಹೊಲಿಯತೊಡಗಿದರು. ಮೆಷಿನ್ನುಗಳೆಲ್ಲ ಮತ್ತೆ ಶುರುವಾದವು. ಆ ಗದ್ದಲದಲ್ಲಿ ಮೆಕ್ಯಾನಿಕ್‌ಗಳ ಉದ್ದದ ಹೆಸರು ಕೂಗಿದರೆ ಸರಿಯಾಗಿ ಕೇಳುವುದಿಲ್ಲ. ಯಾರದಾದರೂ ಮೆಷಿನ್ನು ನಿಂತರೆ ಎದ್ದು ಕೈಯೆತ್ತಿ ಬಣ್ಣ ಕೂಗುವುದು ನಮ್ಮ ರೂಢಿ. ಕೆಂಪೂ ಅಂದರೆ ದೊಡ್ಡ ಮೇಸ್ತ್ರಿ ಬರುತ್ತಾರೆ, ನೀಲೀ ಅಂದರೆ ಪೈಲ್ವಾನ.

ಐದು ಗಂಟೆಯ ಸುಮಾರಿಗೆ ಆರನೇ ಸಾಲಿನ ಕೊನೆಯಲ್ಲಿ ಒಬ್ಬಳು ಎದ್ದು ನಿಂತಳು. ಜೇಬು ಹೊಲಿಯುವವಳು, ಹೊಸಬಳು, ಅತ್ತೆಯ ಹತ್ತಿರ ಒಂದು ದಿನವೂ ಮಾತಾಡಿದವಳಲ್ಲ. ಕೈಯೆತ್ತಿ ಗಂಟಲು ಹರಿಯುವ ಹಾಗೆ ಕೂಗಿದಳು.

“ಹಸಿರೂ!”

ಅತ್ತೆ ಹೊಲಿಯುತ್ತಲೇ ಇದ್ದರು. ದೊಡ್ಡ ಮೇಸ್ತ್ರಿ ತಮ್ಮ ಜಾಗದಲ್ಲಿ ಕೂತಲ್ಲೇ ಕೂತಿದ್ದರು. ಪೈಲ್ವಾನ ಎದ್ದವನು ಮತ್ತೆ ಕೂತ.

“ಹಸಿರೂ! ಇಲ್ಲಿ ಹೊಲಿಗೆ ಹಾರ್ತಿದೆ!”

ನಾನು ಮುಂದೆ ಬಾಗಿ ಅತ್ತೆಯ ಬೆನ್ನು ತಟ್ಟಿದೆ. “ಅತ್ತೆ, ನಿಮ್ಮನ್ನೇ ಕರೀತಿರೋದು.”

ಅವರ ಕಾಲು ಪೆಡಲಿನ ಮೇಲೆ ನಿಂತಿತು. ತಿರುಗಿ ನನ್ನನ್ನು ನೋಡಿದರು. ಮೂರು ಗೆರೆ ಎಳೆಯುವಾಗ ಅಲುಗದಿದ್ದ ಗದ್ದ ಈಗ ಅದುರುತ್ತಿತ್ತು. ಏಪ್ರನ್ನಿಗೆ ಎರಡೂ ಕೈ ಒರೆಸಿಕೊಂಡು, ಕಬ್ಬಿಣದ ಡಬ್ಬಿ ಎತ್ತಿಕೊಂಡು, “ಬಂದೆ!” ಎಂದು ಇಡೀ ಶೆಡ್ಡಿಗೆ ಕೇಳುವ ಹಾಗೆ ಕೂಗಿ ಹೊರಟರು. ಮೂವತ್ತೆರಡು ವರ್ಷದಲ್ಲಿ ಅವರ ದನಿಯನ್ನು ಅಷ್ಟು ಜೋರಾಗಿ ಯಾರೂ ಕೇಳಿರಲಿಲ್ಲ. ಅರ್ಧ ಹೊಲಿದ ಕಾಲರ್ ಸೂಜಿಯ ಕೆಳಗೇ ಉಳಿದಿತ್ತು. ನಾನು ಅವರ ಸ್ಟೂಲಿಗೆ ಸರಿದು ಅದನ್ನು ಮುಗಿಸಿದೆ.